ತಮಟೆಯವನ ಮಗ ತಮಟೆ ಹಿಡಿಯಬೇಕೆ?

ಕಳೆದ ವರ್ಷದ ಕಾಲೇಜು ದಿನಾಚರಣೆಯ ಬೆಳಗ್ಗೆ, ಅತಿಥಿಗಳನ್ನು ಗೇಟಿನಿಂದ ಸಭಾಂಗಣದವರೆಗೆ ಕರೆತರಲು ನಾಲ್ವರು ತಮಟೆಯವರು ಬಂದಿದ್ದುದು ಮಿತ್ರರಲ್ಲಿ ಅನೇಕರಿಗೆ ನೆನಪಿರಬಹುದು. ಅವರ ಹೆಸರು ಯಾರಿಗೂ ನೆನಪಿರಲಾರದು; ಆಹ್ವಾನಪತ್ರಿಕೆಯಲ್ಲಿ ಅದು ಅಚ್ಚಾಗಿರಲಿಲ್ಲ. ತಮಟೆಯ ಸದ್ದಿಗೆ ನಮ್ಮ ಅಂತಿಮ ವರ್ಷದ ಹುಡುಗರೆಲ್ಲ ಕುಣಿದರು. ಎಂದೂ ನಗದ ಒಬ್ಬಿಬ್ಬರು ಅಧ್ಯಾಪಕರ ಕಾಲೂ ತಾಳ ಹಾಕಿದ್ದನ್ನು ನಾನೇ ಕಂಡೆ. ಅತಿಥಿಗಳು ಒಳಗೆ ಹೋದರು, ನಾವೂ ಹೋದೆವು, ಪ್ರಾರ್ಥನೆ ಶುರುವಾಯಿತು. ತಮಟೆಯವರು ಹೊರಗಡೆ ಬೇವಿನ ಮರದ ಕೆಳಗೆ ಕುಳಿತು ಕಾಗದದ ತಟ್ಟೆಯಲ್ಲಿ ಉಪ್ಪಿಟ್ಟು ತಿಂದರು.

ಅವರಲ್ಲಿ ಎಲ್ಲರಿಗಿಂತ ಮುದುಕನಾದವನನ್ನು ತೋರಿಸಿ ನನ್ನ ಪಕ್ಕದ ಗೆಳೆಯ, "ಎಷ್ಟು ಚೆನ್ನಾಗಿ ಬಾರಿಸ್ತಾನಪ್ಪ ಆ ಅಜ್ಜ, ಯಾವೂರವನೋ?" ಎಂದ. ನಾನು "ಗೊತ್ತಿಲ್ಲ" ಎಂದೆ.

ಆ ಅಜ್ಜ ನನ್ನ ತಂದೆಯ ಸ್ವಂತ ಅಣ್ಣ. ಅವನೂ ನನ್ನನ್ನು ನೋಡಿದ. ನನಗೆ ಮುಜುಗರವಾದೀತೆಂದು ಅವನೇ ಮುಖ ತಿರುಗಿಸಿಕೊಂಡ. ಈ ಲೇಖನ ಅಂದಿನಿಂದ ನನ್ನ ತಲೆಯಲ್ಲಿ ತಾನೇ ತಾನಾಗಿ ಬರೆದುಕೊಳ್ಳುತ್ತಿದೆ. ಸಂಪಾದಕರು ಈ ಬಾರಿ ಲೇಖನ ಕೇಳಿದಾಗ ಬೇರೆ ವಿಷಯ ಹುಡುಕಿ ನೋಡಿದೆ, ಸಿಕ್ಕಲಿಲ್ಲ.

ನಮ್ಮೂರು ದೇವನಹಳ್ಳಿ ತಾಲ್ಲೂಕಿನಲ್ಲಿದೆ. ನಮ್ಮ ತಾತ ತೋಟಿ. ಊರಿನ ಡಂಗುರ ಸಾರುವುದು, ಮಾರಮ್ಮನ ಜಾತ್ರೆಯಲ್ಲಿ ದೇವರ ಮುಂದೆ ಬಾರಿಸುವುದು, ಯಾರದೇ ಮನೆಯಲ್ಲಿ ಹೆಣ ಬಿದ್ದರೂ ಹೇಳಿಕಳುಹಿಸಿದ ಕೂಡಲೆ ತಮಟೆ ಹೆಗಲಿಗೇರಿಸಿ ಓಡುವುದು, ಇವು ಅವನ ಕೆಲಸ. ಇದಕ್ಕೆ ಸುಗ್ಗಿಯಲ್ಲಿ ಕಣದಿಂದ ಇಷ್ಟು ರಾಗಿ. ಕೊಟ್ಟಷ್ಟು, ಕೊಟ್ಟಾಗ. 1961 ರಲ್ಲಿ ಆಗಿನ ಮೈಸೂರು ಸರ್ಕಾರ ಗ್ರಾಮ ಹುದ್ದೆಗಳನ್ನು ರದ್ದುಪಡಿಸುವ ಕಾಯ್ದೆ ಮಾಡಿ, 1963 ರಿಂದ ಅದು ಜಾರಿಗೆ ಬಂದಿತೆಂದು ನಮ್ಮ ಪಠ್ಯಗಳಲ್ಲಿ ಓದುತ್ತೇವೆ. ಹುದ್ದೆ ಹೋಯಿತು ನಿಜ. ಆದರೆ "ಬಾರೋ ಲೇ" ಎಂಬ ಕರೆ ಹೋಗಲಿಲ್ಲ. ಕಾಯ್ದೆಗೂ ಊರ ಬಾಯಿಗೂ ನಡುವೆ ಎಷ್ಟು ಹರದಾರಿ ದೂರವೆಂಬುದನ್ನು ಅಳೆದವರು ಯಾರೂ ಇದ್ದಂತಿಲ್ಲ.

ಒಂದು ಹಬ್ಬದಲ್ಲಿ ತಾತನಿಗೆ ಜ್ವರ. ಹೋಗಲಾಗಲಿಲ್ಲ. ಮಾರನೆಯ ದಿನ ಅವನಿಗೆ ಆದ ಮರ್ಯಾದೆಯನ್ನು ನಾನಿಲ್ಲಿ ಬರೆಯುವುದಿಲ್ಲ. ಆಗ ಹದಿನಾಲ್ಕು ವರ್ಷದವನಾಗಿದ್ದ ನನ್ನ ತಂದೆ ಅದನ್ನು ನಿಂತು ನೋಡಿದ. ಆಮೇಲೆ ಅವನು ತಮಟೆ ಮುಟ್ಟಲಿಲ್ಲ. ಗಾರೆ ಕೆಲಸ ಕಲಿತ. ದೇವನಹಳ್ಳಿಯ ವಿಮಾನ ನಿಲ್ದಾಣ 2008 ರಲ್ಲಿ ಬಾಗಿಲು ತೆರೆದ ಮೇಲೆ ಸುತ್ತಮುತ್ತ ಎದ್ದ ಕಟ್ಟಡಗಳಲ್ಲಿ ಅವನಿಗೆ ಬಿಡುವಿಲ್ಲದ ಕೆಲಸ ಸಿಕ್ಕಿತು. ಆ ಕೂಲಿಯಿಂದಲೇ ನಾನು ಈ ಕಾಲೇಜಿನ ಮೆಟ್ಟಿಲು ಹತ್ತಿದೆ. ತಾತನ ತಮಟೆಯನ್ನು ಗೋಡೆಯ ಮೊಳೆಗೆ ನೇತುಹಾಕಿದ್ದರು. ಚಿಕ್ಕಂದಿನಲ್ಲಿ ನಾನೊಮ್ಮೆ ಅದನ್ನು ಇಳಿಸಿ ಬಡಿದಾಗ ತಂದೆ ನನ್ನ ಬೆನ್ನಿಗೆ ಬಡಿದ. ಅವನು ನನ್ನನ್ನು ಹೊಡೆದದ್ದು ಅದೊಂದೇ ಸಲ. "ನಾನು ಆ ಕೋಲು ಕೆಳಗಿಟ್ಟಿದ್ದಕ್ಕೇ ನಿನ್ನ ಕೈಗೆ ಬಳಪ ಬಂದದ್ದು" ಎಂದ. ದೊಡ್ಡಪ್ಪ ಮಾತ್ರ ಕೋಲು ಕೆಳಗಿಡಲಿಲ್ಲ. ಅಣ್ಣತಮ್ಮಂದಿರು ಮಾತಾಡಿಕೊಳ್ಳುತ್ತಾರೆ; ಈ ವಿಷಯ ಮಾತ್ರ ಎತ್ತುವುದಿಲ್ಲ.

ತಂದೆಯ ವಾದವನ್ನು ತಳ್ಳಿಹಾಕುವ ಧೈರ್ಯ ನನಗಿಲ್ಲ, ಮನಸ್ಸೂ ಇಲ್ಲ. 1970 ರ ದಶಕದಲ್ಲಿ ದಲಿತ ಚಳವಳಿ ನಮ್ಮ ಜಿಲ್ಲೆಗಳಿಗೆ ಬಂದಾಗ ಎಷ್ಟೋ ಕೇರಿಗಳಲ್ಲಿ ಹಿರಿಯರು "ಇನ್ನು ಊರ ಹೆಣಕ್ಕೆ ಬಾರಿಸುವುದಿಲ್ಲ" ಎಂದು ನಿಂತರು. ಅದಕ್ಕಾಗಿ ಅಂಗಡಿಯಲ್ಲಿ ಸಾಮಾನು ಸಿಗದ, ಹೊಲದಲ್ಲಿ ಕೂಲಿ ಸಿಗದ ದಿನಗಳನ್ನೂ ಕಂಡರು. ಅದೇ ಚಳವಳಿ ಇನ್ನೊಂದು ಕಡೆ ಅದೇ ತಮಟೆಯನ್ನು ಮೆರವಣಿಗೆಯ ಮುಂದಕ್ಕೆ ತಂದು, ಅದರ ಸದ್ದಿಗೆ ಹೋರಾಟದ ಹಾಡು ಕಟ್ಟಿತು. ಒಂದೇ ಮನೆಯವರು ಅದನ್ನು ಎಸೆದರು, ಒಂದೇ ಮನೆಯವರು ಎತ್ತಿಕೊಂಡರು. ಇವರಲ್ಲಿ ಯಾರು ಸರಿ ಎಂದು ಕೇಳಿದರೆ ನಾನು ಎರಡು ವರ್ಷದ ಹಿಂದೆ ತಡಮಾಡದೆ ಎಸೆದವರ ಕಡೆ ಕೈ ಎತ್ತುತ್ತಿದ್ದೆ.

ನನ್ನ ಕೈ ಅರ್ಧಕ್ಕೆ ನಿಂತದ್ದು ಒಂದು ಇಂಗ್ಲಿಷ್ ತರಗತಿಯಲ್ಲಿ. ಅಮೆರಿಕದ ಕರಿಯ ಜನರ ಕಾವ್ಯ ಪಾಠ ಮಾಡುತ್ತಿದ್ದ ನಮ್ಮ ಗುರುಗಳು ನಡುವೆ 'ಬ್ಲೂಸ್' ಎಂಬ ಸಂಗೀತದ ಮಾತು ತೆಗೆದರು. ಹತ್ತಿಯ ಹೊಲದಲ್ಲಿ ಗುಲಾಮರಾಗಿ ದುಡಿದವರ ಮಕ್ಕಳು ಮೊಮ್ಮಕ್ಕಳು ಹಾಡಿಕೊಂಡ ಹಾಡು ಅದು. ಒಬ್ಬ ಕೂಗುತ್ತಾನೆ, ಉಳಿದವರು ಓಗೊಡುತ್ತಾರೆ. ನಮ್ಮ ನಾಟಿ ಗದ್ದೆಯ ಪದ ಕೇಳಿದವರಿಗೆ ಇದು ತೀರ ಹೊಸದೇನಲ್ಲ. 1903 ರ ಸುಮಾರಿನಲ್ಲಿ ಮಿಸಿಸಿಪ್ಪಿ ರಾಜ್ಯದ ಟಟ್‌ವೈಲರ್ ಎಂಬ ಪುಟ್ಟ ರೈಲು ನಿಲ್ದಾಣದಲ್ಲಿ ಚಿಂದಿ ಬಟ್ಟೆಯ ಒಬ್ಬ ಗಿಟಾರಿನ ತಂತಿಯ ಮೇಲೆ ಚಾಕು ಒತ್ತಿ ಹಾಡುತ್ತಿದ್ದುದನ್ನು ಹ್ಯಾಂಡಿ ಎಂಬ ವಾದ್ಯಗೋಷ್ಠಿಯ ನಾಯಕ ಕೇಳಿ ಬೆರಗಾದನಂತೆ. ಹ್ಯಾಂಡಿಗೆ ಮುಂದೆ 'ಬ್ಲೂಸ್‌ನ ಪಿತಾಮಹ' ಎಂಬ ಬಿರುದು ಬಂತು. ಚಾಕುವಿನವನ ಹೆಸರು ಯಾರಿಗೂ ತಿಳಿಯದು. ನಮ್ಮ ಆಹ್ವಾನಪತ್ರಿಕೆ ನೆನಪಾಯಿತು.

ಆಮೇಲೆ ಗುರುಗಳು ತಮ್ಮ ಫೋನಿನಲ್ಲಿ ಒಂದು ವಾದ್ಯ ಕೇಳಿಸಿದರು. ನಾನು ಕುರ್ಚಿಯಲ್ಲಿ ನೆಟ್ಟಗಾದೆ. ಗಿಟಾರಲ್ಲ, ಹಾಡೂ ಅಲ್ಲ. ಬಿದಿರಿನಂಥ ಕೊಳಲು, ಅದರ ಹಿಂದೆ ಎರಡು ಮೂರು ಡೋಲು. ಕಣ್ಣು ಮುಚ್ಚಿದರೆ ಮಾರಮ್ಮನ ತೇರು.

ಅದನ್ನು ಬಾರಿಸಿದವರು ಮಿಸಿಸಿಪ್ಪಿಯ ಉತ್ತರದ ಗುಡ್ಡಸೀಮೆಯವರು. ಅಲ್ಲಿನ ಬ್ಲೂಸ್‌ಗೆ ಅದರದೇ ಒಂದು ಪ್ರಾಂತೀಯ ಬಗೆ ಉಂಟು. ರಾಗಕ್ಕಿಂತ ಮಟ್ಟು ಹೆಚ್ಚು. ಅದರ ಬೇರು ಈ ಕೊಳಲು ಡೋಲಿನ ಮೇಳದಲ್ಲಿದೆಯೆಂದು ಹೇಳುವುದುಂಟು. ಅಲ್ಲಿನ ಡೋಲಿಗೂ ನಮ್ಮ ತಮಟೆಗೂ ವಿಧಿ ಮಾತ್ರ ತಿರುಗುಮುರುಗು. ನಮ್ಮವರನ್ನು ಬಡಿ ಎಂದು ಕಟ್ಟುಮಾಡಿದರು, ಅವರನ್ನು ಬಡಿಯಬೇಡ ಎಂದು ಕಟ್ಟುಮಾಡಿದರು. 1739 ರಲ್ಲಿ ದಕ್ಷಿಣ ಕೆರೊಲಿನಾದಲ್ಲಿ ಗುಲಾಮರು ಡೋಲು ಬಾರಿಸುತ್ತ ದಂಗೆಯೆದ್ದರು. ಮರುವರ್ಷವೇ ಗುಲಾಮರು ಡೋಲು ಕಹಳೆ ಇಟ್ಟುಕೊಳ್ಳಕೂಡದೆಂದು ಅಲ್ಲಿ ಶಾಸನವಾಯಿತು. ಚರ್ಮದ ಸದ್ದಿಗೆ ಒಡೆಯರು ಎಷ್ಟು ಹೆದರುತ್ತಾರೆಂಬುದಕ್ಕೆ ಬೇರೆ ಸಾಕ್ಷಿ ಬೇಕಿಲ್ಲ.

ಆ ಗುಡ್ಡಸೀಮೆಯಲ್ಲಿ ಓಥಾ ಟರ್ನರ್ ಎಂಬ ರೈತನಿದ್ದ. 1907 ರಲ್ಲಿ ಹುಟ್ಟಿದವನು. ಹೊಳೆಯ ಬದಿಯ ಜೊಂಡಿನ ಗಳು ಕಡಿದು, ಕೆಂಪಗೆ ಕಾಯಿಸಿದ ಕಂಬಿಯಿಂದ ತೂತು ಕೊರೆದು, ತನ್ನ ಕೊಳಲನ್ನು ತಾನೇ ಮಾಡಿಕೊಳ್ಳುತ್ತಿದ್ದ. ವರ್ಷಕ್ಕೊಮ್ಮೆ ಬೇಸಗೆ ಮುಗಿಯುವ ಹೊತ್ತಿಗೆ ತನ್ನ ಮನೆಯಂಗಳದಲ್ಲಿ ಆಡು ಕಡಿದು ಸುಟ್ಟು, ನೆರೆಹೊರೆಯವರಿಗೆಲ್ಲ ಊಟ ಹಾಕಿ, ಮಕ್ಕಳು ಬಂಧುಗಳೊಡನೆ ಕತ್ತಲಾಗುವವರೆಗೂ ಬಾರಿಸುತ್ತಿದ್ದ. ಹೊರಗಿನ ಲೋಕಕ್ಕೆ ಅವನ ಹೆಸರಿನ ಧ್ವನಿಮುದ್ರಣ ತಲುಪಿದ್ದು ಅವನಿಗೆ ತೊಂಬತ್ತಾದ ಮೇಲೆ, 1998 ರಲ್ಲಿ. 2003 ರ ಫೆಬ್ರವರಿ 27 ರಂದು ಅವನು ತೀರಿಕೊಂಡ. ಅದೇ ದಿನ ಮೇಳದಲ್ಲಿ ಡೋಲು ಬಾರಿಸುತ್ತಿದ್ದ ಅವನ ಮಗಳು ಬರ್ನೀಸಳೂ ತೀರಿಕೊಂಡಳು. ಅಪ್ಪ ಮಗಳಿಬ್ಬರ ಶವಯಾತ್ರೆಯ ಮುಂದೆ ಕೊಳಲೂದುತ್ತ ನಡೆದವಳು ಮೊಮ್ಮಗಳು ಶಾರ್ಡೆ ಥಾಮಸ್. 1990 ರಲ್ಲಿ ಹುಟ್ಟಿದ ಹುಡುಗಿ, ಹೈಸ್ಕೂಲಿನ ವಯಸ್ಸು. ಅಂದಿನಿಂದ ಆ ಮೇಳ ಅವಳದು. ಅಂಗಳದ ಹಬ್ಬವನ್ನೂ ಅವಳು ಮುಂದುವರಿಸಿದಳು.

ಸಾವಿನ ಮುಂದೆ ಆ ಹುಡುಗಿಯೂ ಬಾರಿಸಿದಳು, ನನ್ನ ತಾತನೂ ಬಾರಿಸಿದ. ಅವಳು ಬಾರಿಸಿದ್ದು ತನ್ನ ತಾತನಿಗೆ. ನನ್ನ ತಾತ ಬಾರಿಸಿದ್ದು ತನ್ನನ್ನು ಹಟ್ಟಿಯೊಳಕ್ಕೂ ಬಿಡದವರ ಹೆಣಕ್ಕೆ. ಟರ್ನರನ ಬಳಿಗೆ ಜನ ಬರುತ್ತಿದ್ದರು. ನನ್ನ ತಾತನನ್ನು ಜನ ಕರೆಸುತ್ತಿದ್ದರು. ಎರಡು ರಾತ್ರಿ ಇದನ್ನೇ ಯೋಚಿಸಿದೆ. ತಂದೆ ಎಸೆದದ್ದು ಈ ಕರೆಸುವಿಕೆಯನ್ನು. ಅದರ ಜೊತೆಗೆ ತಮಟೆಯೂ ಹೋಯಿತು. ಏಕೆಂದರೆ ಆ ಕಾಲದಲ್ಲಿ ಎರಡನ್ನೂ ಬಿಡಿಸಿ ನೋಡುವ ಅವಕಾಶವನ್ನು ಅವನಿಗೆ ಯಾರೂ ಕೊಡಲಿಲ್ಲ. ನಮಗೆ ಅದು ಸ್ವಲ್ಪ ಸಿಕ್ಕಿದೆ. ಬಿಡಿಸಿ ನೋಡುವ ಕೆಲಸ ನಮ್ಮ ಪೀಳಿಗೆಯದು ಎಂಬುದು ನನ್ನ ಅಭಿಪ್ರಾಯ.

ಹತ್ತಿರದಲ್ಲೇ ಇನ್ನೊಂದು ಉದಾಹರಣೆ ಇದೆ. ನಮ್ಮ ವಿಜಯಪುರ ದಾಟಿದರೆ ಶಿಡ್ಲಘಟ್ಟ ತಾಲ್ಲೂಕು. ಅಲ್ಲಿಯ ಪಿಂಡಿಪಾಪನಹಳ್ಳಿಯ ಮುನಿವೆಂಕಟಪ್ಪನವರಿಗೆ ತಮಟೆವಾದನಕ್ಕಾಗಿ 2023 ರಲ್ಲಿ ಪದ್ಮಶ್ರೀ ಬಂತು. ಆ ವಾರ ನಮ್ಮ ಊರಿನ ಅರಳಿಕಟ್ಟೆಯಲ್ಲಿ ಎಲ್ಲರ ಬಾಯಲ್ಲೂ ತಮಟೆಯ ಹೊಗಳಿಕೆಯೇ. "ನಮ್ಮ ಕಡೆಯ ಕಲೆ" ಎಂದು ಎದೆಯುಬ್ಬಿಸಿದವರಲ್ಲಿ ಕೆಲವರನ್ನು ನಾನು ಬಲ್ಲೆ. ಅವರ ಮನೆಯಲ್ಲಿ ನನ್ನ ದೊಡ್ಡಪ್ಪನಿಗೆ ಇಂದಿಗೂ ಬೇರೆ ಲೋಟ. ಪ್ರಶಸ್ತಿ ದೊಡ್ಡದು, ನಾನು ಹಗುರ ಮಾಡುತ್ತಿಲ್ಲ. ದೆಹಲಿಯಲ್ಲಿ ತಮಟೆಗೆ ಸಿಕ್ಕ ಕುರ್ಚಿ ಹಳ್ಳಿಯ ಅರಳಿಕಟ್ಟೆಗೆ ಬರಲು ಇನ್ನೂ ಎಷ್ಟು ದಿನ ಬೇಕೋ ಎಂದಷ್ಟೇ ನನ್ನ ಚಿಂತೆ.

ದಿನಾಚರಣೆಯಾದ ಎರಡು ವಾರಕ್ಕೆ ನಾನು ದೊಡ್ಡಪ್ಪನ ಮನೆಗೆ ಹೋದೆ. ಕ್ಷಮೆ ಕೇಳಲು ಬಾಯಿ ಬರಲಿಲ್ಲ, "ಕಲಿಸು" ಎಂದೆ. ಅವನು ನಕ್ಕು, "ನಿಮ್ಮಪ್ಪನ್ನ ಕೇಳಿದೆಯಾ?" ಎಂದ. ಇಲ್ಲವೆಂದೆ. "ಹಾಗಾದರೆ ಕಳ್ಳವಿದ್ಯೆ. ಕಳ್ಳವಿದ್ಯೆ ಬೇಗ ಬರುತ್ತೆ ಬಾ" ಎಂದ.

ಬೇಗ ಬರಲಿಲ್ಲ. ತಮಟೆಯೆಂದರೆ ಬಡಿಯುವುದೆಂದು ತಿಳಿದಿದ್ದ ನನಗೆ ಮೊದಲ ದಿನ ಬೆಂಕಿ ಹಾಕುವುದನ್ನು ಮಾತ್ರ ಕಲಿಸಿದ. ಬಳೆಗೆ ಬಿಗಿದ ಚರ್ಮ ಗಾಳಿಯ ತೇವಕ್ಕೆ ಸಡಿಲುತ್ತದೆ. ಒಣಹುಲ್ಲಿನ ಉರಿಗೆ ಹಿಡಿದು ಕಾಯಿಸಬೇಕು; ಹೆಚ್ಚಾದರೆ ಬಿರಿಯುತ್ತದೆ, ಕಡಮೆಯಾದರೆ ಹಂಡೆ ಬಡಿದ ಹಾಗೆ ಕೇಳುತ್ತದೆ. ಬೆರಳಿನಿಂದ ತಟ್ಟಿ ಕಿವಿಗೊಟ್ಟು "ಈಗ ಬಂತು" ಎನ್ನುವ ಗಳಿಗೆಯೊಂದಿದೆ. ಅದನ್ನು ನಾನು ಇಂದಿಗೂ ಹತ್ತಕ್ಕೆ ನಾಲ್ಕು ಸಲ ತಪ್ಪುತ್ತೇನೆ. ಬಲಗೈಯಲ್ಲಿ ಗಿಡ್ಡ ದಪ್ಪ ಕೋಲು, ಎಡಗೈಯಲ್ಲಿ ಉದ್ದನೆಯ ತೆಳ್ಳನೆಯ ಸೀಳು. ದಪ್ಪ ಕೋಲು ಮಾತು ಆಡಿದರೆ ಸೀಳು ಅದಕ್ಕೆ ಹೂಂಗುಟ್ಟುತ್ತದೆ. ಎಡ ತೋಳಿನಲ್ಲಿ ವಾದ್ಯದ ಭಾರ ಹೊತ್ತು, ಅದೇ ಎಡಗೈಯ ಬೆರಳಿನಲ್ಲಿ ಸೀಳನ್ನು ಚಿಮ್ಮಿಸಬೇಕು. ಒಂದು ವಾರ ನನ್ನ ಮಣಿಕಟ್ಟು ಊದಿಕೊಂಡು ತರಗತಿಯಲ್ಲಿ ಟಿಪ್ಪಣಿ ಬರೆಯಲಾಗಲಿಲ್ಲ. ಕಾರಣ ಕೇಳಿದ ಅಧ್ಯಾಪಕರಿಗೆ ಕ್ರಿಕೆಟ್ ಎಂದೆ. ಅವರು ಇದನ್ನು ಓದುತ್ತಿದ್ದರೆ ಕ್ಷಮಿಸಬೇಕು.

ಮಟ್ಟುಗಳ ವಿಷಯಕ್ಕೆ ಬಂದಾಗ ನನಗೆ ನಿಜವಾಗಿ ಗಾಬರಿಯಾಯಿತು. ದೇವರನ್ನು ಗುಡಿಯಿಂದ ಎಬ್ಬಿಸುವ ಮಟ್ಟು ಬೇರೆ, ನಡೆಸುವ ಮಟ್ಟು ಬೇರೆ, ತಿರುವಿನಲ್ಲಿ ನಿಲ್ಲಿಸುವುದು ಬೇರೆ. ಮದುವೆಗೆ ಬೇರೆ. ಸಾವಿನದಂತೂ ಮನೆಯ ಬಾಗಿಲಲ್ಲಿ ಒಂದು, ದಾರಿಯಲ್ಲಿ ಒಂದು. ಮುಚ್ಚಿದ ಕಣ್ಣಿನಲ್ಲಿ ಮಟ್ಟು ಕೇಳಿಯೇ ಮೆರವಣಿಗೆ ಎಲ್ಲಿದೆಯೆಂದು ಹೇಳಬಹುದಿತ್ತಂತೆ. "ನಮ್ಮಪ್ಪನಿಗೆ ಬರುತ್ತಿದ್ದುದರಲ್ಲಿ ನನಗೆ ಅರ್ಧ ಬರುತ್ತೆ. ನನ್ನ ಜೊತೆಯ ಹುಡುಗರಿಗೆ ಕುಣಿಸೋದೊಂದೇ ಬರುತ್ತೆ. ಜನ ಕೇಳೋದೂ ಅದನ್ನೇ" ಎಂದ ದೊಡ್ಡಪ್ಪ. ನಾವು ಕಾಲೇಜು ದಿನ ಕುಣಿದದ್ದು ಆ ಒಂದಕ್ಕೇ. ಅದೂ ಮುಂದಿನ ವರ್ಷಗಳಲ್ಲಿ ಡಿ.ಜೆ. ಪೆಟ್ಟಿಗೆಗೆ ಹೋಗುವುದು ಖಂಡಿತ. ಪೆಟ್ಟಿಗೆಗೆ ಉಪ್ಪಿಟ್ಟು ಕೊಡಬೇಕಾಗಿಲ್ಲ.

ಈ ಮಾತನ್ನು ಹಾಸ್ಟೆಲಿನಲ್ಲಿ ಎತ್ತಿದಾಗ ಒಬ್ಬ ಗೆಳೆಯ ಖಾರವಾಗಿ ಕೇಳಿದ: "ಅಷ್ಟೊಂದು ದೊಡ್ಡ ಕಲೆಯಾದರೆ ಅದನ್ನು ಉಳಿಸುವ ಭಾರ ನಿನಗೇ ಏಕೆ? ಗೌಡರ ಮಗ ಏಕೆ ಕಲಿಯಬಾರದು?" ಸರಿಯಾದ ಪ್ರಶ್ನೆ. ಪರಂಪರೆ ಉಳಿಯಬೇಕೆಂದು ಭಾಷಣ ಮಾಡುವವರ ಮಕ್ಕಳು ಕಂಪ್ಯೂಟರು ಕಲಿಯುತ್ತಾರೆ. ಉಳಿಸುವ ಹೊಣೆ ಮಾತ್ರ ನಮ್ಮ ಕೇರಿಗೆ. ಎಲ್ಲ ಜಾತಿಯ ಕೈಯೂ ತಮಟೆಯ ಮೇಲೆ ಬೀಳಲಿ, ಆಗ ಅದಕ್ಕಂಟಿದ ಮೈಲಿಗೆಯೂ ಉದುರೀತು ಎಂದು ನಾನೂ ಒಪ್ಪಿದೆ. ಆದರೆ ಬ್ಲೂಸ್‌ನ ಕಥೆ ಮತ್ತೆ ಅಡ್ಡ ಬಂತು. ಆ ಸಂಗೀತವನ್ನು ಎಲ್ಲರೂ ಕಲಿತರು. ಇಂಗ್ಲೆಂಡಿನ ಬಿಳಿಯ ಹುಡುಗರು ಅದನ್ನು ಕಲಿತು 1960 ರ ದಶಕದಲ್ಲಿ ಲೋಕಪ್ರಸಿದ್ಧರೂ ಶ್ರೀಮಂತರೂ ಆದರು. ಅದೇ ಗುಡ್ಡಸೀಮೆಯ ಆರ್. ಎಲ್. ಬರ್ನ್‌ಸೈಡ್ 1926 ರಲ್ಲಿ ಹುಟ್ಟಿದವನು. ಬಹುಕಾಲ ಹೊಲದ ಕೆಲಸ, ಮೀನು ಹಿಡಿಯುವ ಕೆಲಸ ಮಾಡಿಕೊಂಡಿದ್ದ ಅವನ ಸಂಗೀತಕ್ಕೆ ಒಳ್ಳೆಯ ಹೆಸರು ಬಂದದ್ದು ಅರುವತ್ತೈದು ದಾಟಿದ ಮೇಲೆ, 1990 ರ ದಶಕದಲ್ಲಿ. ಅವನ ಹಿಂದೆ ಡ್ರಮ್ ಬಾರಿಸುತ್ತ ಬೆಳೆದ ಮೊಮ್ಮಗ ಸೆಡ್ರಿಕ್‌ಗೆ 2022 ರಲ್ಲಿ ಗ್ರ್ಯಾಮಿ ಪ್ರಶಸ್ತಿ ಬಂತು. ತಾತ ಅದನ್ನು ನೋಡಲು ಇರಲಿಲ್ಲ. ಅವನು 2005 ರಲ್ಲೇ ತೀರಿಕೊಂಡಿದ್ದ.

ಆದುದರಿಂದ ಗೆಳೆಯನಿಗೆ ನನ್ನ ಉತ್ತರ ಇದು. ಗೌಡರ ಮಗ ಕಲಿಯಲಿ, ಶೆಟ್ಟರ ಮಗಳೂ ಕಲಿಯಲಿ. ಕಲಿಸುವವನು ನನ್ನ ದೊಡ್ಡಪ್ಪನಾಗಿರಲಿ, ಕಲಿಸಿದ್ದಕ್ಕೆ ಅವನಿಗೆ ಸಂಬಳ ಸಿಗಲಿ. ಶಿಷ್ಯರು ಯಾರಾದರೂ ಆಗಬಹುದು, ಗುರುವಿನ ಪೀಠವನ್ನು ಮಾತ್ರ ಇಷ್ಟು ದಿನ ಅದರ ಬೈಗುಳ ತಿಂದ ಮನೆಗೆ ಬಿಡಬೇಕು. ನಮ್ಮ ಕಾಲೇಜಿನಲ್ಲಿ ಸುಗಮ ಸಂಗೀತ ಕಲಿಸಲು ವಾರಕ್ಕೊಬ್ಬರು ಬರುತ್ತಾರೆ, ಅವರಿಗೆ ಗೌರವಧನವಿದೆ, ಚಹಾ ಪಿಂಗಾಣಿ ಬಟ್ಟಲಿನಲ್ಲಿ ಬರುತ್ತದೆ. ಶನಿವಾರ ಸಂಜೆ ಒಂದು ತಾಸು ತಮಟೆಗೂ ಕೊಟ್ಟರೆ ಕಟ್ಟಡವೇನೂ ಬಿರುಕು ಬಿಡಲಾರದು. ಸದ್ದು ಜಾಸ್ತಿ ಎನ್ನುವವರಿಗೆ ಆಟದ ಮೈದಾನ ದೊಡ್ಡದಾಗಿದೆ. ದಿನಾಚರಣೆಗೆ ಕರೆದರೆ ಹಣದ ಮಾತು ಮೊದಲೇ ಆಗಲಿ, ಹೆಸರು ಅಚ್ಚಾಗಲಿ, ಬಾರಿಸಿದ ಮೇಲೆ ಸಭಾಂಗಣದ ಒಳಗೆ ಕುರ್ಚಿಯಿರಲಿ. ದೇವರನ್ನು ಎಬ್ಬಿಸುವ ಮಟ್ಟನ್ನೂ ಒಮ್ಮೆ ಕುಳಿತು ಕೇಳೋಣ. ಕುಣಿಯುವುದು ಆಮೇಲೆ ಇದ್ದೇ ಇದೆ. ಡಂಗುರಕ್ಕೆ, ಬಲವಂತದ ಹೆಣಕ್ಕೆ ಯಾರ ಮಗನೂ ಹೋಗಬೇಕಾಗಿಲ್ಲ. ಅಲ್ಲಿ ನನ್ನ ತಂದೆ ಗೆರೆ ಎಳೆದದ್ದು ಸರಿ, ಅದನ್ನು ನಾನು ದಾಟುವುದಿಲ್ಲ.

ನನ್ನ ಕಳ್ಳವಿದ್ಯೆ ಬಹಳ ದಿನ ಕಳ್ಳವಾಗಿ ಉಳಿಯಲಿಲ್ಲ. ತಮಟೆಯನ್ನು ಗುಟ್ಟಾಗಿ ಅಭ್ಯಾಸ ಮಾಡುವೆನೆಂದು ಹೊರಟವನ ಬುದ್ಧಿಯನ್ನು ಏನೆನ್ನಬೇಕು! ಒಂದು ಭಾನುವಾರ ಹಿತ್ತಿಲಲ್ಲಿ ಹುಲ್ಲಿನ ಉರಿ ಮಾಡಿ ತಾತನ ಹಳೆಯ ಬಳೆಗೆ ಹಾಕಿಸಿದ ಹೊಸ ಚರ್ಮವನ್ನು ಕಾಯಿಸುತ್ತಿದ್ದೆ. ತಂದೆ ಕೆಲಸದಿಂದ ಬಂದು ಬಾಗಿಲಲ್ಲಿ ನಿಂತದ್ದನ್ನು ನೋಡಲಿಲ್ಲ. ಬೆನ್ನಿಗೆ ಬಿತ್ತು ಎಂದುಕೊಂಡೆ, ಬೀಳಲಿಲ್ಲ. ಸ್ವಲ್ಪ ಹೊತ್ತು ನೋಡಿ, "ಸುಟ್ಟುಬಿಡ್ತೀಯ, ಈಚೆಗೆ ತೆಗಿ" ಎಂದ. ತೆಗೆದೆ. ತಟ್ಟಿದೆ. ಸರಿಯಾಗಿ ಬಂದಿತ್ತು. ಮುಟ್ಟದೆ ನಲವತ್ತು ವರ್ಷ ಕಳೆದರೂ ಅವನ ಕಿವಿ ಮರೆತಿರಲಿಲ್ಲ.

ಊಟದ ಹೊತ್ತಿಗೆ ಅವನು ಆಡಿದ್ದು ಎರಡೇ ಮಾತು. "ಊರವರು ಕರೆದರೆ ಹೋಗಬೇಡ. ಕಾಲೇಜಿನವರು ಕರೆದರೆ ಎಷ್ಟು ಕೊಡ್ತಾರೆ ಅಂತ ಮೊದಲು ಕೇಳು." ಈ ಸಾಲಿನ ದಿನಾಚರಣೆಯ ಸಮಿತಿಗೆ ನಾನೂ ದೊಡ್ಡಪ್ಪನೂ ಸೇರಿ ಬರೆದ ಅರ್ಜಿಯಲ್ಲಿ ಮೊತ್ತವನ್ನು ಅಂಕಿಯಲ್ಲೂ ಅಕ್ಷರದಲ್ಲೂ ನಮೂದಿಸಿದ್ದೇವೆ.